ಹೋರೇಬಿನ ಎಲೀಯ, ಕೀಷೋನಿನ ಎಲೀಯ: ವಿಲಿಯಂ ಮ್ಯೂರ್ ಬರೆದ ಮುಹಮ್ಮದ್ ಚರಿತ್ರೆಯ ಮರುಓದು

ಪ್ರವಾದಿ ಮುಹಮ್ಮದರ ಜೀವನವನ್ನು ಕುರಿತು ಕ್ರೈಸ್ತರು ಶತಮಾನಗಳಿಂದ ಬರೆಯುತ್ತ ಬಂದಿದ್ದಾರೆ. ಆ ಬರಹಗಳಲ್ಲಿ ಹೆಚ್ಚಿನವನ್ನು ಇಂದು ಯಾರೂ ಓದುವುದಿಲ್ಲ. ಓದದಿದ್ದರೆ ನಷ್ಟವೂ ಇಲ್ಲ. ಆದರೆ ಒಂದು ಗ್ರಂಥದ ವಿಷಯ ಬೇರೆ. ಅದನ್ನು ಓದದವರೂ ಅದರ ಶಿಷ್ಯರಾಗಿದ್ದಾರೆ. ಮಕ್ಕಾದಲ್ಲಿದ್ದಷ್ಟು ಕಾಲ ಮುಹಮ್ಮದರು ಪ್ರಾಮಾಣಿಕರಾದ ದೇವಭಕ್ತರಾಗಿದ್ದರು, ಮದೀನಾಕ್ಕೆ ಹೋದ ಮೇಲೆ ಅಧಿಕಾರವೂ ಖಡ್ಗವೂ ಅವರನ್ನು ಕೆಡಿಸಿದವು ಎಂಬ ತೀರ್ಪನ್ನು ನಾವು ನಮ್ಮ ತರಗತಿಗಳಲ್ಲಿ ಕೇಳಿದ್ದೇವೆ, ನಮ್ಮಲ್ಲಿ ಹಲವರು ಪ್ರಸಂಗಪೀಠದಿಂದ ಹೇಳಿಯೂ ಇದ್ದೇವೆ. ಈ ತೀರ್ಪಿಗೆ ವಿದ್ವತ್ತಿನ ಮುದ್ರೆಯನ್ನೊತ್ತಿ ಇಂಗ್ಲಿಷ್ ಬಲ್ಲ ಕ್ರೈಸ್ತಲೋಕದಲ್ಲಿ ಚಲಾವಣೆಗೆ ತಂದವರಲ್ಲಿ ಮುಖ್ಯರು ವಿಲಿಯಂ ಮ್ಯೂರ್. ಅವರ ‘ಲೈಫ್ ಆಫ್ ಮಹೊಮೆಟ್’ 1858ರಿಂದ 1861ರೊಳಗೆ ಲಂಡನ್ನಿನಲ್ಲಿ ನಾಲ್ಕು ಸಂಪುಟಗಳಾಗಿ ಹೊರಬಂದಿತು. ಮುಂದೆ ಅದನ್ನು ಒಂದೇ ಸಂಪುಟಕ್ಕೆ ಇಳಿಸಿದ ಆವೃತ್ತಿಗಳೇ ಮಿಷನರಿಗಳ ಮತ್ತು ವಿದ್ಯಾರ್ಥಿಗಳ ಕೈಸೇರಿದವು. ಈಗ ಅದನ್ನು ಮರಳಿ ಓದುವ ಉದ್ದೇಶ ಸತ್ತ ವಿದ್ವಾಂಸರೊಬ್ಬರನ್ನು ಕಟಕಟೆಗೆ ಎಳೆಯುವುದಲ್ಲ. ಆ ಗ್ರಂಥದ ಒಂದು ಹೋಲಿಕೆಯಲ್ಲಿ ಅವರ ತೂಕದ ಕಲ್ಲು ಬದಲಾದುದು ಕಾಣುತ್ತದೆ. ಅದೇ ಕಲ್ಲು ನಮ್ಮ ಕೈಯಲ್ಲಿಯೂ ಇದೆಯೆಂಬುದನ್ನು ತೋರಿಸಬೇಕಾಗಿದೆ.

ಗ್ರಂಥ ಹುಟ್ಟಿದ ಬಗೆ ನಮಗೆ ಪೂರ್ತಿ ಪರಕೀಯವಲ್ಲ. ಇದಕ್ಕೆ ಪ್ರೇರಣೆ ಕೊಟ್ಟವರು ಕಾರ್ಲ್ ಗಾಟ್‌ಲೀಬ್ ಫಾಂಡರ್ ಎಂದು ಮ್ಯೂರ್ ಮುನ್ನುಡಿಯಲ್ಲಿಯೇ ಹೇಳಿದ್ದಾರೆ. ಈ ಫಾಂಡರ್ ಬಾಸೆಲ್ ಸೆಮಿನರಿಯಲ್ಲಿ ತರಬೇತಿ ಪಡೆದವರು. ಮಂಗಳೂರಿಗೆ ಬಂದ ಹೆಬಿಕ್ ಮತ್ತು ಮೋಗ್ಲಿಂಗ್ ಅವರನ್ನು ಕಳುಹಿಸಿದ ಮನೆಯೇ ಅದು. ಕಕೇಶಸ್ ಪ್ರಾಂತ್ಯದಲ್ಲಿ ಅವರು ಮಾಡುತ್ತಿದ್ದ ಸೇವೆಯನ್ನು ರಷ್ಯಾದ ಸರ್ಕಾರ 1835ರಲ್ಲಿ ನಿಲ್ಲಿಸಿದ ಮೇಲೆ ಭಾರತಕ್ಕೆ ಬಂದು, ಚರ್ಚ್ ಮಿಷನರಿ ಸೊಸೈಟಿಯನ್ನು ಸೇರಿ ಆಗ್ರಾದಲ್ಲಿ ನೆಲೆಸಿದರು. ಅವರ ‘ಮೀಜಾನುಲ್ ಹಕ್’ ಮುಸ್ಲಿಮರೊಡನೆ ವಾದಿಸುವವರಿಗೆ ಬಹುಕಾಲ ಕೈಪಿಡಿಯಾಗಿತ್ತು. ಮುಸ್ಲಿಮರೇ ಪ್ರಮಾಣವೆಂದು ಒಪ್ಪುವ ಮೂಲಗಳನ್ನು ಆಧರಿಸಿ, ಮುಸ್ಲಿಮರು ಓದಲಿಕ್ಕಾಗಿಯೇ, ಹಿಂದೂಸ್ತಾನಿ ಭಾಷೆಯಲ್ಲಿ ಪ್ರವಾದಿಯ ಚರಿತ್ರೆಯೊಂದು ಬರಬೇಕೆಂಬುದು ಅವರ ಅಪೇಕ್ಷೆಯಾಗಿತ್ತು. ಹೊರಬಂದ ಗ್ರಂಥವಾದರೋ ಇಂಗ್ಲಿಷಿನಲ್ಲಿತ್ತು. ಯಾರೊಡನೆ ಮಾತನಾಡಲೆಂದು ಕೆಲಸ ಆರಂಭವಾಯಿತೋ ಅವರ ತಲೆಯ ಮೇಲಿಂದ ಹಾದು ಅದು ಸ್ವಜನರನ್ನು ಉದ್ದೇಶಿಸಿತು. ಕೇಳುವವನು ಎದುರಿಗಿದ್ದಾಗ ಆಡುವ ಮಾತು ಬೇರೆ, ಅವನ ಬೆನ್ನ ಹಿಂದೆ ಆಡುವ ಮಾತು ಬೇರೆ. ಮ್ಯೂರರ ಗ್ರಂಥದ ಹಲವು ದೋಷಗಳಿಗೆ ಈ ಸ್ಥಾನಪಲ್ಲಟವೇ ಮೂಲವೆಂದು ನನ್ನ ಅಭಿಪ್ರಾಯ.

ಆದರೂ ಗ್ರಂಥದ ಗುಣವನ್ನು ಮೊದಲು ಹೇಳಬೇಕು. ಮ್ಯೂರರಿಗಿಂತ ಹಿಂದಿನ ಯುರೋಪಿನ ಬರಹಗಳಲ್ಲಿ ಮುಹಮ್ಮದರೆಂದರೆ ಬಹುಮಟ್ಟಿಗೆ ವಂಚಕರು, ಇಲ್ಲವೇ ಮೂರ್ಛೆರೋಗಿ. ಮ್ಯೂರ್ ಆ ಕಟ್ಟುಕತೆಗಳನ್ನು ಬದಿಗಿಟ್ಟು ಅರಬ್ಬಿ ಮೂಲಗಳಿಗೆ ಹೋದರು. ಇಬ್ನ್ ಇಸ್‌ಹಾಕ್ ಬರೆದು ಇಬ್ನ್ ಹಿಶಾಮ್ ಪರಿಷ್ಕರಿಸಿದ ‘ಸೀರಾ’, ವಾಕಿದಿಯ ಬರಹ, ಅವನ ಲಿಪಿಕಾರ ಇಬ್ನ್ ಸಾದ್‌ನ ಸಂಗ್ರಹ, ತಬರಿಯ ಇತಿಹಾಸದಲ್ಲಿ ಆಗ ದೊರೆತಿದ್ದ ಭಾಗ, ಇವುಗಳಿಂದ ಚರಿತ್ರೆಯನ್ನು ಕಟ್ಟಿದರು. ಆಲೋಯಿಸ್ ಸ್ಪ್ರೆಂಗರ್ ಉತ್ತರ ಭಾರತದಲ್ಲಿ ಹುಡುಕಿ ತೆಗೆದ ಹಸ್ತಪ್ರತಿಗಳು ಅವರಿಗೆ ನೆರವಾದವು. ಮೊದಲ ಸಂಪುಟದ ಆರಂಭದಲ್ಲಿ ಆಕರಗಳ ಪರೀಕ್ಷೆಗೆ ಮೀಸಲಾದ ದೀರ್ಘ ಪ್ರಬಂಧವನ್ನು ಇಂದಿಗೂ ಲಾಭದಿಂದ ಓದಬಹುದು. ಹೇಳಿದವನು ಯಾವ ಪಕ್ಷದವನು, ಅವನಿಗೆ ಯಾರ ಮೇಲೆ ಅಭಿಮಾನ, ಘಟನೆಗೂ ದಾಖಲೆಗೂ ನಡುವೆ ಎಷ್ಟು ತಲೆಮಾರು ಕಳೆದಿವೆ ಎಂದು ಅವರು ಒಂದೊಂದಾಗಿ ವಿಚಾರಿಸುತ್ತಾರೆ. ಪ್ರವಾದಿಯನ್ನು ಕೊಂಡಾಡುವ ಕಥನಕ್ಕಿಂತ ಅವರಿಗೆ ಮುಜುಗರ ತರುವ ಕಥನವನ್ನು ಭಕ್ತರು ಹುಟ್ಟಿಸಿರುವ ಸಂಭವ ಕಡಿಮೆಯೆಂದು ವಾದಿಸುತ್ತಾರೆ. ಸುವಾರ್ತೆಗಳ ಐತಿಹಾಸಿಕ ವಿಮರ್ಶೆಯಲ್ಲಿ ನಮ್ಮ ವಿದ್ಯಾರ್ಥಿಗಳು ಇಂದು ಕಲಿಯುವ ನಿಯಮವೇ ಇದು. ಕುರ್‌ಆನಿನ ಪಾಠವು ಮುಹಮ್ಮದರು ನುಡಿದಂತೆಯೇ ನಮಗೆ ತಲುಪಿದೆಯೆಂಬುದನ್ನು ಅವರು ಯಾವ ಕೊಸರೂ ಇಲ್ಲದೆ ಒಪ್ಪಿಕೊಳ್ಳುತ್ತಾರೆ.

ಇಲ್ಲಿಯೇ ಮೊದಲ ವಿಚಿತ್ರವಿದೆ. ಡೇವಿಡ್ ಸ್ಟ್ರಾಸ್ ಯೇಸುವಿನ ಚರಿತ್ರೆಯ ಮೇಲೆ ಇಂಥದೇ ಪರೀಕ್ಷೆಯನ್ನು ನಡೆಸಿದ ಗ್ರಂಥ 1835ರಲ್ಲಿಯೇ ಬಂದಿತ್ತು. 1854ರ ಏಪ್ರಿಲ್ ತಿಂಗಳಲ್ಲಿ ಆಗ್ರಾದಲ್ಲಿ ಎರಡು ದಿನ ನಡೆದ ಬಹಿರಂಗ ವಾಗ್ವಾದದಲ್ಲಿ ಮೌಲಾನಾ ರಹಮತುಲ್ಲಾ ಕೈರಾನವಿ ಮತ್ತು ಅವರ ಜೊತೆಗಾರ ಡಾ. ವಜೀರ್ ಖಾನ್ ಯುರೋಪಿನ ಬೈಬಲ್ ವಿಮರ್ಶಕರ ವಾದಗಳನ್ನೇ ಎತ್ತಿ ಫಾಂಡರರನ್ನು ಇಕ್ಕಟ್ಟಿಗೆ ಸಿಲುಕಿಸಿದ್ದರು. ಫಾಂಡರ್ ಅದಕ್ಕೆ ಸಿದ್ಧರಾಗಿ ಬಂದಿರಲಿಲ್ಲ. ಮ್ಯೂರ್ ಅದೇ ಆಗ್ರಾದ ಸರ್ಕಾರಿ ಅಧಿಕಾರಿ, ಅದೇ ಫಾಂಡರರ ಮಿತ್ರರು. ಅರಬ್ಬಿ ಕಥನಗಳನ್ನು ಜರಡಿ ಹಿಡಿದ ಅವರು ನಾಲ್ಕು ಸುವಾರ್ತೆಗಳನ್ನು ಆ ಜರಡಿಯ ಹತ್ತಿರಕ್ಕೂ ತರಲಿಲ್ಲ. ಸುವಾರ್ತೆಗಳು ಆ ಪರೀಕ್ಷೆಯಲ್ಲಿ ನಿಲ್ಲಲಾರವು ಎಂದು ನಾನು ಹೇಳುತ್ತಿಲ್ಲ. ನಿಂತಿವೆಯೆಂದೇ ನನ್ನ ನಂಬಿಕೆ. ಪರೀಕ್ಷೆಗೆ ಒಳಪಡದೆ ನಿಂತಂತೆ ತೋರಿಸುವುದು ಮಾತ್ರ ನ್ಯಾಯವಲ್ಲ.

ಎರಡನೆಯ ಸಂಪುಟದಲ್ಲಿ, ಹಿಜ್ರಾಕ್ಕೆ ಮುಂಚಿನ ವರ್ಷಗಳ ವರ್ಣನೆ ಗ್ರಂಥದಲ್ಲೇ ಶ್ರೇಷ್ಠವಾದುದು. ಖದೀಜಾ ತೀರಿಹೋಗಿದ್ದಾರೆ, ಆಶ್ರಯವಾಗಿದ್ದ ಚಿಕ್ಕಪ್ಪ ಅಬೂ ತಾಲಿಬ್ ಕೂಡ ಇಲ್ಲ. ತಾಇಫಿನ ಜನ ಕಲ್ಲೆಸೆದು ಓಡಿಸಿದ್ದಾರೆ. ಮಕ್ಕಾದ ಕುರೈಷರ ನಡುವೆ ಬೆರಳೆಣಿಕೆಯ ಹಿಂಬಾಲಕರೊಂದಿಗೆ, ಯಾವ ರಕ್ಷಣೆಯೂ ಇಲ್ಲದೆ, ತನ್ನನ್ನು ಕಳುಹಿಸಿದವನಲ್ಲಿ ಭರವಸೆಯಿಟ್ಟು ಕಾಯುತ್ತಿರುವ ಒಬ್ಬ ಮನುಷ್ಯ. ಇದನ್ನು ಬರೆಯುವಾಗ ಮ್ಯೂರರ ಲೇಖನಿ ತಾನಾಗಿಯೇ ಎತ್ತರಕ್ಕೇರುತ್ತದೆ. ಈ ದೃಶ್ಯದ ಭವ್ಯತೆಗೆ ಸಮನಾದುದನ್ನು ಪವಿತ್ರ ಗ್ರಂಥದಲ್ಲಿಯೇ ಹುಡುಕಬೇಕೆಂದು ಹೇಳಿ, ತಾನೊಬ್ಬನೇ ಉಳಿದಿದ್ದೇನೆಂದು ದೇವರಲ್ಲಿ ಮೊರೆಯಿಟ್ಟ ಇಸ್ರಾಯೇಲಿನ ಪ್ರವಾದಿಯ ಪಕ್ಕದಲ್ಲಿ ಅವರು ಮುಹಮ್ಮದರನ್ನು ನಿಲ್ಲಿಸುತ್ತಾರೆ. ಆ ಪ್ರವಾದಿ ಎಲೀಯನು, ಸ್ಥಳ ಹೋರೇಬ್, ಅರಸುಗಳ ಮೊದಲನೆಯ ಗ್ರಂಥದ ಹತ್ತೊಂಬತ್ತನೆಯ ಅಧ್ಯಾಯ. ಸುವಾರ್ತಾನಿಷ್ಠೆಯ ಬ್ರಿಟಿಷ್ ಅಧಿಕಾರಿಯೊಬ್ಬರು 1858ರಲ್ಲಿ ಹೀಗೆ ಬರೆದರೆಂಬುದು ಸಣ್ಣ ಸಂಗತಿಯಲ್ಲ. ಸಾಕ್ಷ್ಯ ಅವರನ್ನು ಅಲ್ಲಿಗೆ ಕೊಂಡೊಯ್ದಿತು, ಅವರು ಪ್ರಾಮಾಣಿಕವಾಗಿ ಹೋದರು.

ಆದರೆ ಹತ್ತೊಂಬತ್ತನೆಯ ಅಧ್ಯಾಯಕ್ಕೆ ಮುಂಚೆ ಹದಿನೆಂಟನೆಯ ಅಧ್ಯಾಯವಿದೆ. ಹೋರೇಬಿನಲ್ಲಿ ಒಂಟಿಯಾಗಿ ಕುಳಿತ ಎಲೀಯನು ಅಲ್ಲಿಗೆ ಬಂದುದು ಕರ್ಮೆಲ್ ಬೆಟ್ಟದಿಂದ. ಬಾಳನ ಪ್ರವಾದಿಗಳ ಸಂಖ್ಯೆ ನಾನೂರ ಐವತ್ತು. ಒಬ್ಬನೂ ತಪ್ಪಿಸಿಕೊಳ್ಳದಂತೆ ಹಿಡಿಸಿ, ಕೀಷೋನ್ ಹಳ್ಳಕ್ಕೆ ಒಯ್ದು ಕೊಂದವನು ಅವನೇ. ಈಜೆಬೆಲಳ ಬೆದರಿಕೆಯೂ ಅವನ ಪಲಾಯನವೂ ಅದರ ಫಲ. ಹೋರೇಬಿನ ಮೃದುವಾದ ಶಬ್ದವನ್ನು ಕೇಳಿದ ಮೇಲೂ ಖಡ್ಗದ ಮಾತು ನಿಲ್ಲುವುದಿಲ್ಲ. ಹಜಾಯೇಲನನ್ನೂ ಯೇಹುವನ್ನೂ ಅಭಿಷೇಕಿಸಬೇಕೆಂಬ ಅಪ್ಪಣೆ ಅಲ್ಲಿಯೇ ಬರುತ್ತದೆ, ಒಬ್ಬನ ಖಡ್ಗದಿಂದ ತಪ್ಪಿದವನು ಇನ್ನೊಬ್ಬನ ಖಡ್ಗಕ್ಕೆ ಸಿಗಬೇಕೆಂಬ ಮಾತಿನೊಡನೆ. ಮ್ಯೂರ್ ತಮ್ಮ ಸತ್ಯವೇದವನ್ನು ಚೆನ್ನಾಗಿ ಬಲ್ಲವರು. ಹೋಲಿಕೆಗೆ ಎಲೀಯನನ್ನು ಕರೆತರುವಾಗ ಅವರು ಕೀಷೋನನ್ನು ಮರೆತರೆಂದು ನಂಬುವುದು ಕಷ್ಟ. ಮರೆತರೆನ್ನುವುದಕ್ಕಿಂತ, ಕೀಷೋನಿನ ರಕ್ತ ಅವರ ಕಣ್ಣಿಗೆ ಬೀಳಲೇ ಇಲ್ಲ ಎನ್ನಬೇಕು. ಭಾನುವಾರ ಶಾಲೆಯಿಂದಲೇ ನಮಗೂ ಅದು ಬಿದ್ದಿಲ್ಲ. ಬಲಿಪೀಠದ ಮೇಲೆ ಬೆಂಕಿ ಬೀಳುವಲ್ಲಿಗೆ ಪಾಠ ಮುಗಿಯುತ್ತದೆ, ಮಕ್ಕಳು ಮನೆಗೆ ಹೋಗುತ್ತಾರೆ.

ಮೂರನೆಯ ಮತ್ತು ನಾಲ್ಕನೆಯ ಸಂಪುಟಗಳಲ್ಲಿ, ಅಂದರೆ 622ರ ಹಿಜ್ರಾದ ನಂತರ, ಮ್ಯೂರರ ಧ್ವನಿ ಬದಲಾಗುತ್ತದೆ. ಬದ್ರ್ ಕಾಳಗ, ಯೆಹೂದಿ ಕುಲಗಳೊಡನೆ ಸಂಘರ್ಷ, ವಿವಾಹಗಳು, ಒಂದಾದ ಮೇಲೊಂದು ವಿಚಾರಣೆಗೆ ಬರುತ್ತವೆ. ಈ ಬದಲಾವಣೆಗೆ ಬೇಕಾದ ಸಿದ್ಧತೆಯನ್ನು ಅವರು ಎರಡನೆಯ ಸಂಪುಟದಲ್ಲಿಯೇ ಮಾಡಿಕೊಂಡಿದ್ದರು. ಮುಹಮ್ಮದರಿಗೆ ಬಂದ ಪ್ರೇರಣೆಯ ಹಿಂದೆ ಸೈತಾನನ ಕೈವಾಡವಿದ್ದೀತೇ ಎಂಬ ಪ್ರಶ್ನೆಯನ್ನು ಅಲ್ಲಿ ಎತ್ತಿ, ಅಡವಿಯಲ್ಲಿ ಕರ್ತನಿಗೆ ಬಂದ ಶೋಧನೆಯೊಡನೆ ಅದನ್ನು ಹೋಲಿಸುತ್ತಾರೆ: ಲೋಕದ ರಾಜ್ಯಗಳನ್ನು ತೋರಿಸಿದಾಗ ಒಬ್ಬಾತನು ನಿರಾಕರಿಸಿದನು, ಇನ್ನೊಬ್ಬರು ಒಪ್ಪಿದರು ಎಂಬುದು ತಾತ್ಪರ್ಯ. ಊಹೆಯ ರೂಪದಲ್ಲಿ ಹೇಳಿದರೂ ಊಹೆಯೇ ಮುಂದಿನ ಎರಡು ಸಂಪುಟಗಳಿಗೆ ಅಡಿಪಾಯವಾಯಿತು. ಆಕರಗಳ ಬಗ್ಗೆ ಅಷ್ಟು ಎಚ್ಚರವಿದ್ದ ಇತಿಹಾಸಕಾರರು ಈ ಘಟ್ಟದಲ್ಲಿ ಯಾವ ಆಕರವನ್ನೂ ಕೇಳುವುದಿಲ್ಲ. ಮಕ್ಕಾದ ವಿಜಯದ ದಿನ, 630ರಲ್ಲಿ, ತನ್ನನ್ನು ಹೊರದೂಡಿದ ಊರಿಗೆ ಮುಹಮ್ಮದರು ತೋರಿದ ಕ್ಷಮೆಯನ್ನು ಮ್ಯೂರ್ ಮೆಚ್ಚುತ್ತಾರೆ. ಆದರೆ ಶೋಧನೆಗೆ ಸೋತವರ ಕಥೆಯಲ್ಲಿ ಆ ಕ್ಷಮೆಗೆ ಎಲ್ಲಿ ಸ್ಥಾನವೆಂದು ಅವರಿಗೆ ತಿಳಿಯದು, ಓದುಗನಿಗೂ ತಿಳಿಯದು.

ಬನೂ ಕುರೈಝಾ ಕುಲದ ಪ್ರಸಂಗವನ್ನು ಬಿಟ್ಟು ಮುಂದೆ ಹೋಗುವಂತಿಲ್ಲ. 627ರಲ್ಲಿ ಕಂದಕದ ಯುದ್ಧ ಮುಗಿದ ಮೇಲೆ, ಶತ್ರುಗಳೊಡನೆ ಕೈಜೋಡಿಸಿದರೆಂಬ ಆರೋಪದ ಮೇಲೆ ಈ ಯೆಹೂದಿ ಕುಲ ಮುತ್ತಿಗೆಗೆ ಒಳಗಾಗಿ ಶರಣಾಯಿತು. ತೀರ್ಪು ಕೊಡುವ ಹೊಣೆ ಅವರ ಹಳೆಯ ಮಿತ್ರಕುಲದ ಸಾದ್ ಇಬ್ನ್ ಮುಆಝ್‌ಗೆ ಬಂತು. ಗಂಡಸರಿಗೆ ಮರಣ, ಹೆಂಗಸರಿಗೂ ಮಕ್ಕಳಿಗೂ ಸೆರೆ. ಸತ್ತವರು ಆರುನೂರರಿಂದ ಒಂಬೈನೂರರವರೆಗೆ ಎಂದು ಇಬ್ನ್ ಇಸ್‌ಹಾಕರ ಕಥನ ಹೇಳುತ್ತದೆ. ಈ ಕಥನವೇ ನಂಬಲರ್ಹವಲ್ಲವೆಂದು ವಲೀದ್ ಅರಫಾತ್ 1976ರಲ್ಲಿ ವಾದಿಸಿದರು. ಆ ವಾದ ಗಮನಾರ್ಹ, ಆದರೆ ಅದರ ನೆರಳಿನಲ್ಲಿ ಅಡಗಿಕೊಳ್ಳಲು ನನಗೆ ಇಷ್ಟವಿಲ್ಲ. ಘಟನೆ ನಡೆದಿದ್ದರೆ ಅದು ಘೋರವಾದುದು. ಆ ಕಾಲದ ಅರಬ್ಬಿ ಯುದ್ಧನೀತಿ ಹಾಗಿತ್ತೆಂಬ ಸಮಾಧಾನ ಸತ್ತವರ ಮಕ್ಕಳಿಗೆ ಸಮಾಧಾನವಲ್ಲ. ಮ್ಯೂರರ ಖಂಡನೆ ಈ ಮಟ್ಟಿಗೆ ಸರಿ. ನನ್ನ ಆಕ್ಷೇಪ ಖಂಡನೆಯ ಮೇಲಲ್ಲ. ಧರ್ಮೋಪದೇಶಕಾಂಡದ ಇಪ್ಪತ್ತನೆಯ ಅಧ್ಯಾಯ ಮುತ್ತಿಗೆಗೆ ಸಿಕ್ಕ ಪಟ್ಟಣದ ಗಂಡಸರ, ಹೆಂಗಸರ ಮತ್ತು ಮಕ್ಕಳ ಬಗ್ಗೆ ಏನನ್ನು ವಿಧಿಸುತ್ತದೆಂದು ಒಮ್ಮೆ ತೆರೆದು ನೋಡಿದರೆ, ಸಾದನ ತೀರ್ಪು ಎಲ್ಲಿಯೋ ಓದಿದ ಹಾಗಿದೆಯಲ್ಲಾ ಎನಿಸುತ್ತದೆ. ಮದೀನಾದಲ್ಲಿ ನಡೆದುದು ಪ್ರವಾದಿತ್ವಕ್ಕೆ ವಿರುದ್ಧವಾದ ಸಾಕ್ಷ್ಯವಾದರೆ, ಮೋಶೆ, ಯೆಹೋಶುವ, ಅಮಾಲೇಕ್ಯರ ಅರಸನನ್ನು ಕಡಿದ ಸಮುವೇಲ, ಇವರೆಲ್ಲ ಯಾವ ಬಾಗಿಲಿನಿಂದ ಒಳಗೆ ಬಂದರು?

ಇನ್ನೊಂದು ಮಾತು. ಈ ಗ್ರಂಥದ ಮೊದಲ ಸಂಪುಟಗಳು ಅಚ್ಚಾದುದು 1858ರಲ್ಲಿ. ಅದರ ಹಿಂದಿನ ವರ್ಷ ಆಗ್ರಾದ ಕೋಟೆಯಲ್ಲಿ ಕಂಪನಿ ಸರ್ಕಾರದ ಗುಪ್ತಚರ ವಿಭಾಗದ ಮೇಲ್ವಿಚಾರಣೆ ಮ್ಯೂರರದಾಗಿತ್ತು. ದಂಗೆಯನ್ನು ಅಡಗಿಸಿದ ಬಗೆ ಉತ್ತರ ಹಿಂದೂಸ್ತಾನದ ಮರಗಳಿಗೂ ತೋಪಿನ ಬಾಯಿಗಳಿಗೂ ಗೊತ್ತಿತ್ತು. ಮ್ಯೂರ್ ಕ್ರೂರಿಯಲ್ಲ. ಮುಂದೆ ವಾಯವ್ಯ ಪ್ರಾಂತ್ಯಗಳ ಲೆಫ್ಟಿನೆಂಟ್ ಗವರ್ನರರಾಗಿ ವಿದ್ಯಾಭ್ಯಾಸಕ್ಕೆ ದುಡಿದು ಒಳ್ಳೆಯ ಹೆಸರು ಪಡೆದವರು. ಆದರೂ ದೇವರ ಹೆಸರು ಮತ್ತು ರಾಜ್ಯಶಕ್ತಿ ಒಂದಾದರೆ ಪ್ರವಾದಿ ಕೆಡುತ್ತಾನೆಂದು ಬರೆಯುತ್ತಿರುವ ಕೈ ಯಾವ ಮೇಜಿನ ಮೇಲಿತ್ತೆಂಬ ಅರಿವು ಆ ಪುಟಗಳಲ್ಲಿ ಎಲ್ಲಿಯೂ ಇಲ್ಲ. ಇದನ್ನು ಹೇಳಿ ನಾವು ಬೆನ್ನು ತಟ್ಟಿಕೊಳ್ಳುವಂತಿಲ್ಲ. ಬ್ರಿಟಿಷರಲ್ಲದ ಮಿಷನರಿಗಳಿಗೆ ಕಂಪನಿಯ ನೆಲ ತೆರೆದುಕೊಂಡುದು 1833ರ ಸನ್ನದಿನಿಂದ. ಬಾಸೆಲಿನ ಮೂವರು ಮಂಗಳೂರಿಗೆ ಬಂದುದು 1834ರಲ್ಲಿ. ಬಾಸೆಲ್ ಮಿಷನ್ನಿನ ಸಭೆಯ ಬೀಜ ಆ ಬಾಗಿಲಿನಿಂದಲೇ ಒಳಗೆ ಬಿತ್ತು. ಬೀಜ ದೇವರದು. ಬಾಗಿಲು ಯಾರದೆಂಬುದನ್ನು ಮರೆಯಬಾರದು.

ಮ್ಯೂರರ ಗ್ರಂಥಕ್ಕೆ ಬಂದ ಅತ್ಯಂತ ಗಂಭೀರವಾದ ಉತ್ತರ ಸೈಯದ್ ಅಹಮದ್ ಖಾನರದು. 1857ರಲ್ಲಿ ಬಿಜನೂರಿನಲ್ಲಿ ಆಂಗ್ಲರ ಪ್ರಾಣ ಉಳಿಸಿದವರು ಇವರು. ಮ್ಯೂರರ ಪರಿಚಿತರು, ಅವರ ಬಗ್ಗೆ ಗೌರವವುಳ್ಳವರು. ಈ ಗ್ರಂಥ ತಂದ ನೋವನ್ನು ಹೊತ್ತುಕೊಂಡೇ 1869ರಲ್ಲಿ ಇಂಗ್ಲೆಂಡಿಗೆ ಹೋಗಿ, ಅಲ್ಲಿನ ಗ್ರಂಥಾಲಯಗಳಲ್ಲಿ ಕುಳಿತು, 1870ರಲ್ಲಿ ಲಂಡನ್ನಿನಲ್ಲಿಯೇ ತಮ್ಮ ಪ್ರಬಂಧಗಳನ್ನು ಅಚ್ಚು ಹಾಕಿಸಿದರು. ಮ್ಯೂರ್ ಹೆಚ್ಚಾಗಿ ನೆಚ್ಚಿದ ವಾಕಿದಿಯನ್ನು ಮುಸ್ಲಿಂ ವಿದ್ವಾಂಸರೇ ದುರ್ಬಲನೆಂದು ಕರೆದಿದ್ದಾರೆಂಬುದು ಅವರ ಮುಖ್ಯ ಆಕ್ಷೇಪಗಳಲ್ಲಿ ಒಂದು. ಅವರ ಸಮರ್ಥನೆಯೆಲ್ಲ ಒಪ್ಪತಕ್ಕದ್ದಲ್ಲ. ಪವಾಡಗಳನ್ನೆಲ್ಲ ನಿಸರ್ಗನಿಯಮಕ್ಕೆ ಹೊಂದಿಸುವ ಅವರ ಹಂಬಲ ಅವರ ಸ್ವಧರ್ಮೀಯರಿಗೇ ರುಚಿಸಲಿಲ್ಲ. ನನಗೆ ಮುಖ್ಯವಾಗಿ ತೋರುವುದು ಇದಕ್ಕೆ ಹಿಂದೆ ಅವರು ಮಾಡಿದ ಕೆಲಸ. ಗಾಜಿಪುರದಲ್ಲಿ ಅಚ್ಚುಕೂಟವನ್ನು ಹೂಡಿ, 1862ರಿಂದ ಅವರು ಸತ್ಯವೇದಕ್ಕೆ ವ್ಯಾಖ್ಯಾನವೊಂದನ್ನು ಹೊರತರಲಾರಂಭಿಸಿದರು. ಅದರ ಹೆಸರು ‘ತಬ್ಯೀನುಲ್ ಕಲಾಮ್’. ಆದಿಕಾಂಡದ ಆರಂಭವನ್ನೂ ಮತ್ತಾಯನ ಸುವಾರ್ತೆಯ ಮೊದಲ ಅಧ್ಯಾಯಗಳನ್ನೂ ಮುಸ್ಲಿಮನೊಬ್ಬ ದೇವರ ವಾಕ್ಯವೆಂದು ಗೌರವಿಸಿ ವಿವರಿಸುವ ಪ್ರಯತ್ನ ಅದು. ಕ್ರೈಸ್ತರು ಸತ್ಯವೇದವನ್ನು ತಿದ್ದಿದ್ದಾರೆಂಬ ರೂಢಿಯ ಆರೋಪವನ್ನೂ ಅದರಲ್ಲಿ ಅವರು ಬಹುಮಟ್ಟಿಗೆ ಕೈಬಿಟ್ಟರು. ಒಬ್ಬರು ನೆರೆಯವರ ಗ್ರಂಥವನ್ನು ತೆರೆದು ತಮ್ಮ ಜನರಿಗೆ ಓದಿ ಹೇಳುತ್ತಿದ್ದ ಅದೇ ವರ್ಷಗಳಲ್ಲಿ ಇನ್ನೊಬ್ಬರು ನೆರೆಯವರ ಪ್ರವಾದಿಯನ್ನು ತಮ್ಮ ಜನರ ಮುಂದೆ ವಿಚಾರಣೆಗೆ ನಿಲ್ಲಿಸಿದ್ದರು.

ಇಷ್ಟರವರೆಗೆ ಹೇಳಿದುದು ನ್ಯಾಯದ ಮಾತು. ದೈವಶಾಸ್ತ್ರದ ದೃಷ್ಟಿಯಿಂದ ಇದಕ್ಕಿಂತ ದೊಡ್ಡ ನಷ್ಟವೊಂದು ಈ ಗ್ರಂಥದಲ್ಲಿದೆ, ಅದು ನಮ್ಮದೇ ನಷ್ಟ. ಎರಡು ಜೀವನಗಳನ್ನು ಎದುರುಬದುರಾಗಿ ಇಟ್ಟು ಯಾವುದು ಹೆಚ್ಚು ನಿರ್ಮಲವೆಂದು ಅಳೆಯುವ ಕ್ರಮದಲ್ಲಿ ಯೇಸು ಗೆಲ್ಲುತ್ತಾನೆ, ನಿಜ. ಆದರೆ ಯಾವ ಯೇಸು? ಇನ್ನೊಬ್ಬರಿಗಿಂತ ಒಳ್ಳೆಯ ನಡತೆಯುಳ್ಳ ಒಬ್ಬ ಮತಸ್ಥಾಪಕ. ನಿಕಾಯದ ಹಿರಿಯರು ಅರಿಕೆ ಮಾಡಿದ ಕ್ರಿಸ್ತನು ಈ ಪಂದ್ಯದಲ್ಲಿ ಕಣಕ್ಕಿಳಿಯುವುದೇ ಇಲ್ಲ. ಇಸ್ಲಾಮಿನಲ್ಲಿ ದೇವರ ವಾಕ್ಯವು ಮನುಷ್ಯರಿಗೆ ದೊರೆತುದು ಗ್ರಂಥವಾಗಿ. ನಮ್ಮಲ್ಲಿ ಅದು ಶರೀರಧಾರಿಯಾಯಿತು. ಆದ್ದರಿಂದ ಕ್ರಿಸ್ತನಿಗೆ ಎದುರಾಗಿ ಇಡಬೇಕಾದುದು ಕುರ್‌ಆನನ್ನೇ ಹೊರತು ಮುಹಮ್ಮದರನ್ನಲ್ಲ ಎಂದು ವಿಲ್ಫ್ರೆಡ್ ಕ್ಯಾಂಟ್‌ವೆಲ್ ಸ್ಮಿತ್ ತೋರಿಸಿಕೊಟ್ಟು ದಶಕಗಳೇ ಕಳೆದಿವೆ. ಮುಹಮ್ಮದರನ್ನು ಇಸ್ಲಾಮಿನ ಸ್ಥಾಪಕರೆಂದು ಕರೆಯುವುದನ್ನೂ ಮುಸ್ಲಿಮರು ಒಪ್ಪುವುದಿಲ್ಲ. ಅಬ್ರಹಾಮನಿಗೂ ಹಿಂದಿನಿಂದ ಬಂದ ಸಂದೇಶದ ಕೊನೆಯ ವಾಹಕರು ಎಂಬುದೇ ಅವರ ನಂಬಿಕೆ. ಹಾಗಿದ್ದರೂ ನಮ್ಮ ಪ್ರಶ್ನೆಪತ್ರಿಕೆಗಳಲ್ಲಿ ಯೇಸುವನ್ನೂ ಮುಹಮ್ಮದರನ್ನೂ ಹೋಲಿಸಿ ಬರೆಯಿರಿ ಎಂಬ ಪ್ರಶ್ನೆ ಬರುತ್ತಲೇ ಇರುತ್ತದೆ. ನಾನೂ ಹಿಂದೆ ಅಂಥ ಪ್ರಶ್ನೆಯನ್ನು ಬರೆದು, ಅದಕ್ಕೆ ಬಂದ ಉತ್ತರಗಳಿಗೆ ಅಂಕ ಕೊಟ್ಟವನೇ. ಮನುಷ್ಯಾವತಾರವನ್ನು ಮರೆತು ಬರೆದ ಉತ್ತರಕ್ಕೇ ಹೆಚ್ಚು ಅಂಕ ಸಿಗುವ ಪ್ರಶ್ನೆ ಅದು.

ಮ್ಯೂರರ ನಂತರ ಕ್ರೈಸ್ತ ವಿದ್ವತ್ತು ಬಹಳ ದೂರ ಬಂದಿದೆ. ಸ್ಕಾಟ್ಲೆಂಡಿನ ಎಪಿಸ್ಕೋಪಲ್ ಸಭೆಯ ಗುರುಗಳಾಗಿದ್ದ ಮಾಂಟ್ಗೊಮರಿ ವಾಟ್ 1953 ಮತ್ತು 1956ರಲ್ಲಿ ಪ್ರಕಟಿಸಿದ ಎರಡು ಸಂಪುಟಗಳಲ್ಲಿ ಮಕ್ಕಾದ ವ್ಯಾಪಾರೀ ಸಮಾಜದ ಬಿರುಕುಗಳನ್ನೂ ಮದೀನಾದ ಕುಲಕಲಹಗಳನ್ನೂ ವಿವರಿಸಿ, ಪತನದ ಕಥೆಯಿಲ್ಲದೆಯೇ ಈ ಚರಿತ್ರೆಯನ್ನು ಬರೆಯಬಹುದೆಂದು ತೋರಿಸಿದರು. ಮಕ್ಕಾದ ದೂತನೇ ಮದೀನಾದ ನಾಯಕ. ಪರಿಸ್ಥಿತಿ ಬೇರೆಯಾಯಿತು, ಮನುಷ್ಯ ಬೇರೆಯಾಗಲಿಲ್ಲ. ಬಿಷಪ್ ಕೆನೆತ್ ಕ್ರ್ಯಾಗ್ 1984ರ ‘ಮುಹಮ್ಮದ್ ಅಂಡ್ ದ ಕ್ರಿಶ್ಚಿಯನ್’ ಗ್ರಂಥದಲ್ಲಿ ಇನ್ನೂ ಆಳಕ್ಕೆ ಹೋಗುತ್ತಾರೆ. ಮುಹಮ್ಮದರ ಪ್ರವಾದಿತ್ವವನ್ನು ಕೃತಜ್ಞತೆಯಿಂದ ಮನಗಾಣಲು ಕ್ರೈಸ್ತರನ್ನು ಕರೆಯುವ ಅವರು, ಹಿಜ್ರಾದ ದಾರಿಗೂ ಗೆತ್ಸೇಮನೆಯ ದಾರಿಗೂ ಇರುವ ಅಂತರವನ್ನು ಮುಚ್ಚಿಡುವುದಿಲ್ಲ. ಒಂದು ಸತ್ಯವನ್ನು ಜನ ತಿರಸ್ಕರಿಸಿದಾಗ ಅದನ್ನು ಉಳಿಸಲು ಬಲವನ್ನು ಕಟ್ಟಬೇಕೇ, ತಿರಸ್ಕಾರವನ್ನು ಹೊತ್ತು ಸಾಯಬೇಕೇ? ಕ್ರ್ಯಾಗರ ಈ ಪ್ರಶ್ನೆ ಮ್ಯೂರರ ಆರೋಪಕ್ಕಿಂತ ಎಷ್ಟೋ ಶ್ರೇಷ್ಠ. ಆದರೂ ಮಕ್ಕಾ ಮತ್ತು ಮದೀನಾದ ನಡುವೆ ಮ್ಯೂರ್ ಎಳೆದ ಗೆರೆ ಅವರಲ್ಲಿಯೂ ತೆಳುವಾಗಿ ಉಳಿದಿದೆಯೆಂದು ನನಗೆ ಅನ್ನಿಸುತ್ತದೆ. ಗೆತ್ಸೇಮನೆಯಿಂದ ಕೆಳಗಿಳಿದ ಸಭೆ ನೇರವಾಗಿ ಇಂದಿಗೆ ಬಂದಿಲ್ಲ. ನಡುವೆ ಕಾನ್‌ಸ್ಟಾಂಟಿನನ ಅರಮನೆಯಿದೆ.

ಹಾಗಾದರೆ ಎರಡು ಧರ್ಮಗಳ ನಡುವೆ ವ್ಯತ್ಯಾಸವೇ ಇಲ್ಲವೇ, ತೂಕದ ಕಲ್ಲುಗಳನ್ನು ಸಮಗೊಳಿಸಿದ ಮೇಲೆ ಹೇಳುವುದಕ್ಕೆ ಏನು ಉಳಿಯಿತು ಎಂದು ಯಾರಾದರೂ ಕೇಳಬಹುದು. ಉಳಿದಿದೆ, ಮತ್ತು ಈಗಲೇ ಅದು ಸ್ಪಷ್ಟವಾಗಿ ಕಾಣುತ್ತದೆ. ನಮ್ಮ ಗ್ರಂಥವು ತನ್ನ ವೀರರನ್ನು ತಾನೇ ಪ್ರಶ್ನಿಸುವ ಗ್ರಂಥ. ದಾವೀದನ ಎದುರು ನಾತಾನನು ನಿಲ್ಲುತ್ತಾನೆ. ಪ್ರವಾದಿಯ ಅಭಿಷೇಕ ಪಡೆದು ಯೇಹು ಇಜ್ರೇಲಿನಲ್ಲಿ ಹರಿಸಿದ ರಕ್ತಕ್ಕೆ ಲೆಕ್ಕ ಕೊಡಬೇಕಾಗುವುದೆಂದು ಹೋಶೇಯನು ತನ್ನ ಪ್ರವಾದನೆಯ ಬಾಗಿಲಲ್ಲೇ ಸಾರುತ್ತಾನೆ. ಕುರ್‌ಆನಿನಲ್ಲಿಯೂ ಪ್ರವಾದಿಗೆ ಗದರಿಕೆಯಿಲ್ಲದಿಲ್ಲ. ಊರಿನ ದೊಡ್ಡವರೊಡನೆ ಮಾತನಾಡುತ್ತಿದ್ದಾಗ ಬಂದ ಕುರುಡನಿಗೆ ಮುಖ ಸಿಂಡರಿಸಿದ್ದಕ್ಕಾಗಿ ಮುಹಮ್ಮದರನ್ನು ತಿದ್ದುವ ಎಂಬತ್ತನೆಯ ಸೂರಾವನ್ನು ಮುಸ್ಲಿಮರು ಇಂದಿಗೂ ಪ್ರಾರ್ಥನೆಯಲ್ಲಿ ಓದುತ್ತಾರೆ. ಕಪಟಿಯಾದವನು ತನ್ನನ್ನೇ ಗದರಿಸುವ ವಾಕ್ಯವನ್ನು ತನ್ನ ಗ್ರಂಥದಲ್ಲಿ ಇಟ್ಟುಕೊಳ್ಳುವುದಿಲ್ಲ. ಆದರೆ ನಮ್ಮಲ್ಲಿ ಆ ಪ್ರಶ್ನೆ ಶಿಲುಬೆಯವರೆಗೆ ಹೋಗುತ್ತದೆ. ಕುರ್‌ಆನಿನ ನಾಲ್ಕನೆಯ ಸೂರಾ ಯೇಸುವನ್ನು ಶಿಲುಬೆಗೇರಿಸಲಾಯಿತೆಂಬುದನ್ನು ನಿರಾಕರಿಸುವುದು ಯೇಸುವಿನ ಗೌರವಕ್ಕಾಗಿಯೇ: ದೇವರು ತನ್ನ ದೂತನನ್ನು ಶತ್ರುಗಳ ಕೈಗೆ ಬಿಟ್ಟುಕೊಡನು ಎಂಬ ವಿಶ್ವಾಸ ಅದರ ಹಿಂದಿದೆ. ಬಿಟ್ಟುಕೊಟ್ಟನು ಎಂಬುದೇ ನಮ್ಮ ಸುವಾರ್ತೆ. ವ್ಯತ್ಯಾಸವಿರುವುದು ಇಲ್ಲಿ, ದೇವರ ಜಯ ಯಾವ ರೂಪದಲ್ಲಿ ಬರುತ್ತದೆ ಎಂಬುದರಲ್ಲಿ. ಇದನ್ನು ಮುಸ್ಲಿಂ ಸ್ನೇಹಿತನ ಮುಖ ನೋಡಿ ಹೇಳಬಹುದು, ಅವನು ತನ್ನ ಉತ್ತರವನ್ನೂ ಹೇಳಬಹುದು. ಝೈನಬರ ವಿವಾಹವನ್ನು ಎತ್ತಿಕೊಂಡು ಆರಂಭಿಸಿದ ಮಾತು ಎಂದೂ ಇಲ್ಲಿಗೆ ಬಂದು ಮುಟ್ಟುವುದಿಲ್ಲ.

ಎಲೀಯನ ವಿಷಯಕ್ಕೆ ಲೂಕನ ಒಂಬತ್ತನೆಯ ಅಧ್ಯಾಯದಲ್ಲಿ ಉತ್ತರವಿದೆ. ಸಮಾರ್ಯದ ಹಳ್ಳಿಯೊಂದು ಯೇಸುವನ್ನು ಸೇರಿಸಿಕೊಳ್ಳದಿದ್ದಾಗ, ಆಕಾಶದಿಂದ ಬೆಂಕಿ ಸುರಿಸೋಣವೇ ಎಂದು ಯಾಕೋಬ ಯೋಹಾನರು ಕೇಳುತ್ತಾರೆ. ಅದು ಎಲೀಯನ ಬೆಂಕಿ. ಅವನು ಅರಸನ ಸೈನಿಕರನ್ನು ಐವತ್ತೈವತ್ತಾಗಿ ಸುಟ್ಟದ್ದು ಅವರಿಗೆ ನೆನಪಿತ್ತು. ಯೇಸು ತಿರುಗಿಕೊಂಡು ಗದರಿಸುತ್ತಾನೆ. ಗದರಿಸುವುದು ಹಳ್ಳಿಯವರನ್ನಲ್ಲ, ಶಿಷ್ಯರನ್ನು. ಆದರೆ ಅದೇ ಅಧ್ಯಾಯದಲ್ಲಿ, ಅದಕ್ಕೆ ಕೆಲವೇ ವಚನಗಳ ಮೊದಲು, ರೂಪಾಂತರದ ಬೆಟ್ಟದ ಮೇಲೆ ಆತನೊಡನೆ ಮಹಿಮೆಯಲ್ಲಿ ನಿಂತು ಮಾತನಾಡಿದವರಲ್ಲಿ ಒಬ್ಬನು ಎಲೀಯನೇ. ಕೀಷೋನಿನ ರಕ್ತವನ್ನು ಸಮರ್ಥಿಸದೆ, ಕೀಷೋನಿನ ಎಲೀಯನನ್ನು ಹೊರಗೂ ಹಾಕದೆ ಇರುವ ಒಂದು ತೀರ್ಪು ಕ್ರಿಸ್ತನಲ್ಲಿದೆ. ಮ್ಯೂರರಿಗೆ ಈ ಅಧ್ಯಾಯ ಗೊತ್ತಿತ್ತು. ಹೋಲಿಕೆಗಾಗಿ ಎಲೀಯನನ್ನು ಕರೆತಂದ ದಿನ ಅವರು ಇದನ್ನೂ ಪಕ್ಕದಲ್ಲಿ ತೆರೆದಿಟ್ಟುಕೊಂಡಿದ್ದರೆ ಮೂರನೆಯ ಸಂಪುಟ ಬೇರೆಯಾಗುತ್ತಿತ್ತು.

ಈ ಗ್ರಂಥವನ್ನು ವಿದ್ಯಾರ್ಥಿಗಳ ಕೈಗೆ ಕೊಡಬಾರದೆಂದು ನಾನು ಹೇಳಲಾರೆ. ಆಕರಗಳ ಬಗೆಗಿನ ಪ್ರಬಂಧವನ್ನೂ ಎರಡನೆಯ ಸಂಪುಟದ ಹಿಜ್ರಾಪೂರ್ವ ಅಧ್ಯಾಯಗಳನ್ನೂ ಈಗಲೂ ಓದಿಸುತ್ತೇನೆ. ಅವುಗಳ ಜೊತೆಗೆ ಅರಸುಗಳ ಮೊದಲನೆಯ ಗ್ರಂಥದ ಹದಿನೆಂಟು ಮತ್ತು ಹತ್ತೊಂಬತ್ತನೆಯ ಅಧ್ಯಾಯಗಳನ್ನೂ ಲೂಕನ ಒಂಬತ್ತನೆಯ ಅಧ್ಯಾಯವನ್ನೂ ಅದೇ ವಾರ ಓದಿಕೊಂಡು ಬರಲು ಹೇಳುತ್ತೇನೆ. ಸೈಯದ್ ಅಹಮದರ ಪ್ರಬಂಧಗಳಲ್ಲಿ ಒಂದನ್ನಾದರೂ ಓದಿರಬೇಕು. ಮದೀನಾದ ಸಂಪುಟಗಳನ್ನು ತೆರೆಯುವುದು ಅದಾದ ಮೇಲೆ.